ಕ್ಯಾಮೆರಾ ಕಾಣದ ಶತಮಾನಗಳ ಸಂಕಲನ

ಬೇಲೂರಿನ ಚೆನ್ನಕೇಶವ ದೇವಾಲಯದ ರಾಜಗೋಪುರವನ್ನು ಹೊಯ್ಸಳ ದೊರೆ ವಿಷ್ಣುವರ್ಧನನ ಕಥೆ ಹೇಳುವಾಗ ತೋರಿಸಕೂಡದು ಎಂಬುದು ನನ್ನ ಬಳಿ ಸಾಕ್ಷ್ಯಚಿತ್ರಗಳ ಸಂಕಲನ (ಎಡಿಟಿಂಗ್) ಕಲಿಯಲು ಬರುವವರಿಗೆ ನಾನು ಮೊದಲು ಹೇಳುವ ಮಾತು. ವಿಷ್ಣುವರ್ಧನ ಅಲ್ಲಿ ದೇವರನ್ನು ಪ್ರತಿಷ್ಠಾಪಿಸಿದ್ದು 1117ರಲ್ಲಿ. ಪೇಟೆಯ ಬೀದಿಯಿಂದ ಬರುವವರಿಗೆ ಎದುರಾಗುವ ಆ ಎತ್ತರದ ಗೋಪುರವನ್ನು ವಿಜಯನಗರದ ಎರಡನೆಯ ಹರಿಹರನ ದಂಡನಾಯಕನಾಗಿದ್ದ ಗುಂಡನು ಕಟ್ಟಿಸಿದ್ದು 1397ರಲ್ಲಿ. ಎರಡರ ನಡುವೆ 280 ವರ್ಷಗಳ ಅಂತರವಿದೆ. ಆದರೆ ಬೇಲೂರು ಎಂದೊಡನೆ ಛಾಯಾಗ್ರಾಹಕರು ಮೊದಲು ತೆಗೆಯುವುದು ಗೋಪುರದ ಶಾಟ್, ನಿರ್ದೇಶಕರು ಮೊದಲು ಕೇಳುವುದೂ ಅದನ್ನೇ. ಶಾಟ್‌ಗಳನ್ನು ಸಾಲಾಗಿ ಜೋಡಿಸುವ ಟೈಮ್‌ಲೈನ್ ಮೇಲೆ ಅದು ಹೊಯ್ಸಳರ ಕುರಿತ ಮೊದಲ ವಾಕ್ಯದ ಜೊತೆಗೆ ಬಂದು ಕೂರುವುದಕ್ಕೆ ಯಾರ ಒಪ್ಪಿಗೆಯೂ ಬೇಕಾಗುವುದಿಲ್ಲ. ನಿರೂಪಣೆಯ ಪ್ರತಿ ವಾಕ್ಯವನ್ನೂ ಇತಿಹಾಸ ಬಲ್ಲವರೊಬ್ಬರು ಓದಿ ತಿದ್ದಿರುತ್ತಾರೆ. ಚಿತ್ರವನ್ನು ಹಾಗೆ ತಿದ್ದುವವರು ಸಾಮಾನ್ಯವಾಗಿ ಇರುವುದಿಲ್ಲ. ಅದು ಸಂಕಲನಕಾರರ ಕೆಲಸವೆಂದು ಯಾವ ಕರಾರಿನಲ್ಲೂ ಬರೆದಿರುವುದಿಲ್ಲ, ಆದರೂ ಅದು ನಮ್ಮದೇ.

ಗೋಪುರವೊಂದನ್ನು ಬಿಟ್ಟ ಮಾತ್ರಕ್ಕೆ ಸಮಸ್ಯೆ ಮುಗಿಯುವುದಿಲ್ಲ. ಗರ್ಭಗುಡಿಯ ಮೇಲಿದ್ದ ಶಿಖರವನ್ನು ಕಟ್ಟಡದ ಉಳಿವಿಗಾಗಿ 1879ರಲ್ಲಿ ಇಳಿಸಲಾಯಿತು. ಆದ್ದರಿಂದ ಇಂದು ನಮಗೆ ಕಾಣುವ ಚಪ್ಪಟೆಯಾದ ಮೇಲ್ಭಾಗವೂ ಹನ್ನೆರಡನೆಯ ಶತಮಾನದ ನೋಟವಲ್ಲ. ನವರಂಗದ (ಗರ್ಭಗುಡಿಯ ಮುಂದಿನ ಕಂಬಗಳ ಮಂಟಪದ) ಸುತ್ತಲಿನ ಜಾಲಂಧ್ರಗಳು, ಅಂದರೆ ಕಲ್ಲಿನ ಜಾಲರಿಗಳು, ವಿಷ್ಣುವರ್ಧನನ ಮೊಮ್ಮಗ ಇಮ್ಮಡಿ ಬಲ್ಲಾಳನ ಕಾಲದ ಸೇರ್ಪಡೆ. ಹೀಗೆ ಡ್ರೋನ್‌ನಿಂದ ತೆಗೆದ ಒಂದೇ ಒಂದು ಭವ್ಯವಾದ ಶಾಟ್‌ನಲ್ಲಿ ನಾಲ್ಕು ಬೇರೆ ಬೇರೆ ಕಾಲಗಳು ಒಟ್ಟಿಗೆ ನಿಂತಿರುತ್ತವೆ. ಅಂಥ ಶಾಟನ್ನು ನಾನು ಅಧ್ಯಾಯದ ಕೊನೆಗೆ, ನಿರೂಪಣೆ ಹತ್ತೊಂಬತ್ತನೆಯ ಶತಮಾನವನ್ನು ತಲುಪಿದ ಮೇಲೆ ಬಳಸುತ್ತೇನೆ. 1117ರ ಮಾತು ನಡೆಯುವಾಗ ತಳದಲ್ಲಿ ಸಾಗುವ ಆನೆಗಳ ಸಾಲು ಸಾಕು. ಬಳಪದ ಕಲ್ಲಿನ ಮೇಲೆ ಬಳ್ಳಿಗಾವೆಯ ದಾಸೋಜ ಮತ್ತು ಅವನ ಮಗ ಚಾವಣ ಕೆತ್ತಿಕೊಂಡ ತಮ್ಮ ಹೆಸರುಗಳು ಸಿಕ್ಕರಂತೂ ಇನ್ನೇನೂ ಬೇಡ. ಹತ್ತಿರದಿಂದ ತೆಗೆದ ಶಾಟ್‌ಗಳು ಕಡಿಮೆ ಹೇಳುತ್ತವೆ, ಆದರೆ ಹೇಳಿದಷ್ಟನ್ನು ಸರಿಯಾಗಿ ಹೇಳುತ್ತವೆ.

ನಾನು ಐತಿಹಾಸಿಕ ಸಾಕ್ಷ್ಯಚಿತ್ರಗಳ ಸಂಕಲನವನ್ನೇ ವೃತ್ತಿಯಾಗಿ ಮಾಡಿಕೊಂಡು ಹಾಸನದಲ್ಲಿ ನೆಲೆಸಿದ್ದೇನೆ. ಸಾಲಗಾಮೆ ರಸ್ತೆಯ ಮಗ್ಗುಲಿನ ಮನೆಯೊಂದರ ಮಹಡಿಯಲ್ಲಿ ಎರಡು ಪರದೆ, ಒಂದು ಜೊತೆ ಸ್ಪೀಕರ್, ಹಾರ್ಡ್ ಡಿಸ್ಕುಗಳ ಕಪಾಟು ಇರುವ ಕೋಣೆಯೇ ನನ್ನ ಕಾರ್ಯಾಲಯ. ನೆಂಟರಿಷ್ಟರಿಗೆ ನನ್ನ ಕೆಲಸವನ್ನು ವಿವರಿಸುವುದು ಇವತ್ತಿಗೂ ಕಷ್ಟ. "ಮದುವೆ ವಿಡಿಯೊ ಎಡಿಟಿಂಗ್ ಮಾಡ್ತಾರಂತೆ" ಎಂದು ಪರಿಚಯಿಸುತ್ತಾರೆ. ಕೈಯಲ್ಲಿ ಕೆಲಸವಿಲ್ಲದ ತಿಂಗಳುಗಳಲ್ಲಿ ಅದನ್ನೂ ಮಾಡುವುದರಿಂದ ನಾನು ತಿದ್ದಲು ಹೋಗುವುದಿಲ್ಲ. ಹಾಸನ, ಅರಸೀಕೆರೆ, ಚಿಕ್ಕಮಗಳೂರು ಕಡೆಯ ಯುವಕ ಯುವತಿಯರು ಈಚೆಗೆ ಈ ಕೆಲಸದ ಬಗ್ಗೆ ವಿಚಾರಿಸುತ್ತಾರೆ, ಮತ್ತು ಅವರ ಮೊದಲ ಪ್ರಶ್ನೆ ಬಹುತೇಕ ಯಾವ ತಂತ್ರಾಂಶ ಕಲಿಯಬೇಕು ಎಂಬುದಾಗಿರುತ್ತದೆ. ಈ ಬರಹ ಅವರನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದದ್ದು. ತಂತ್ರಾಂಶದ ಮಾತು ಇದರಲ್ಲಿ ಕಡಿಮೆ.

ನಾನು ಕೆಲಸ ಕಲಿತದ್ದು 1990ರ ದಶಕದ ಕೊನೆಯಲ್ಲಿ, ಬೆಂಗಳೂರಿನಲ್ಲಿ, ಟೇಪಿನಿಂದ ಟೇಪಿಗೆ ಸಂಕಲನ ಮಾಡುತ್ತಿದ್ದ ಕಾಲದಲ್ಲಿ. ಆಗ ಒಂದು ಯಂತ್ರದಲ್ಲಿ ಮೂಲ ಟೇಪನ್ನು ಓಡಿಸಿ ಇನ್ನೊಂದರಲ್ಲಿ ಬೇಕಾದ ಭಾಗವನ್ನು ಮುದ್ರಿಸಿಕೊಳ್ಳಬೇಕಿತ್ತು. ಹದಿನೈದನೆಯ ನಿಮಿಷದಲ್ಲಿ ಐದು ಸೆಕೆಂಡಿನ ಹೊಸ ಶಾಟ್ ಸೇರಿಸಬೇಕೆಂದರೆ ಅದರ ಮುಂದಿನದೆಲ್ಲವನ್ನೂ ಮತ್ತೆ ಮುದ್ರಿಸಬೇಕಿತ್ತು, ಇಲ್ಲವೇ ಇಡೀ ಟೇಪಿನ ಪ್ರತಿ ತೆಗೆದು ಚಿತ್ರದ ಗುಣಮಟ್ಟ ಒಂದು ಹಂತ ಇಳಿಯುವುದನ್ನು ಒಪ್ಪಿಕೊಳ್ಳಬೇಕಿತ್ತು. ಹಾಗಾಗಿ ಯಂತ್ರದ ಮುಂದೆ ಕೂರುವ ಮೊದಲೇ ಇಡೀ ಚಿತ್ರವನ್ನು ಕಾಗದದ ಮೇಲೆ ಬರೆದು ಮುಗಿಸುವ ಅಭ್ಯಾಸ ನಮ್ಮ ತಲೆಮಾರಿಗೆ ಬಂತು. ನಮಗಿಂತ ಹಿರಿಯರು ಸ್ಟೀನ್‌ಬೆಕ್ ಎಂಬ ಸಂಕಲನ ಮೇಜಿನ ಮೇಲೆ ಫಿಲ್ಮನ್ನೇ ಕತ್ತರಿಸಿ ಅಂಟಿಸಿದವರು. ನಮ್ಮ ಬಳಿಕ ಕಂಪ್ಯೂಟರ್ ಬಂದು, ಯಾವ ಶಾಟನ್ನು ಎಲ್ಲಿಗೆ ಬೇಕಾದರೂ ಒಂದು ಕ್ಷಣದಲ್ಲಿ ಸರಿಸಬಹುದಾಯಿತು. ಅವಿಡ್, ಫೈನಲ್ ಕಟ್, ಪ್ರೀಮಿಯರ್, ಡಾವಿಂಚಿ ಎಂಬ ಸಂಕಲನ ತಂತ್ರಾಂಶಗಳಲ್ಲಿ ಒಂದನ್ನು ಕಲಿತವರಿಗೆ ಇನ್ನೊಂದು ಕೆಲವು ವಾರಗಳ ಮಾತು. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಸಂಕಲನಕ್ಕೇ ಪ್ರತ್ಯೇಕವಾದ ಕೋರ್ಸ್ ಇದೆ. ಅಲ್ಲಿಗೆ ಹೋಗಲು ಅನುಕೂಲವಿರುವವರು ಹೋಗಬೇಕು. ಹೋಗದವರು ಯಾರಾದರೊಬ್ಬರ ಸಹಾಯಕರಾಗಿ ಸೇರಿಕೊಳ್ಳಬೇಕು.

ಸಹಾಯಕರ ಕೆಲಸವನ್ನು ಗುಮಾಸ್ತಗಿರಿ ಎಂದು ಹೀಗಳೆಯುವವರಿದ್ದಾರೆ. ಅದು ಗುಮಾಸ್ತಗಿರಿಯೇ ಹೌದು, ಆದರೆ ಐತಿಹಾಸಿಕ ಚಿತ್ರದಲ್ಲಿ ಎಲ್ಲವೂ ಆ ಗುಮಾಸ್ತಗಿರಿಯ ಮೇಲೆ ನಿಂತಿದೆ. ಒಂದು ಗಂಟೆಯ ಚಿತ್ರಕ್ಕೆ ಐವತ್ತು ಅರವತ್ತು ಗಂಟೆಗಳ ರಷಸ್ (ಕತ್ತರಿಸದ ಮೂಲ ಚಿತ್ರೀಕರಣ) ಬರುವುದು ಸಾಮಾನ್ಯ. ಅದರ ಜೊತೆಗೆ ಹಳೆಯ ಫೋಟೊಗಳು, ನಕ್ಷೆಗಳು, ಪತ್ರಿಕೆಯ ತುಣುಕುಗಳು, ಶಾಸನಗಳ ಪಡಿಯಚ್ಚುಗಳು, ಬೇರೆಯವರ ಸಂಗ್ರಹದಿಂದ ಪಡೆದ ಫುಟೇಜ್. ಪ್ರತಿಯೊಂದಕ್ಕೂ ಅದು ಏನು, ಯಾವ ಊರು, ಯಾವ ಇಸವಿ, ತೆಗೆದವರು ಯಾರು, ಈಗ ಯಾರ ಒಡೆತನದಲ್ಲಿದೆ, ಇದನ್ನು ನಮಗೆ ಹೇಳಿದವರು ಯಾರು ಎಂಬ ಆರು ಕಾಲಂಗಳನ್ನು ತುಂಬಬೇಕು. ಕೊನೆಯ ಕಾಲಂ ಬಹಳ ಮುಖ್ಯ. "ಇದು 1942ರ ಫೋಟೊ" ಎಂದು ಮನೆಯವರು ಹೇಳಿದ್ದಕ್ಕೂ ಫೋಟೊದ ಬೆನ್ನಿನ ಮೇಲೆ ಸ್ಟುಡಿಯೊದವರು ಮುದ್ರೆ ಒತ್ತಿದ್ದಕ್ಕೂ ಇರುವ ವ್ಯತ್ಯಾಸವನ್ನು ಆರು ತಿಂಗಳ ಬಳಿಕ ಯಾರೂ ನೆನಪಿಟ್ಟುಕೊಳ್ಳುವುದಿಲ್ಲ.

ಹಲ್ಮಿಡಿಯ ಉದಾಹರಣೆಯನ್ನು ಕೊಡುತ್ತೇನೆ. ಬೇಲೂರು ತಾಲ್ಲೂಕಿನ ಆ ಹಳ್ಳಿಯ ಶಾಸನವನ್ನು 1936ರಲ್ಲಿ ಮೈಸೂರು ಸಂಸ್ಥಾನದ ಪುರಾತತ್ವ ಇಲಾಖೆಯ ನಿರ್ದೇಶಕರಾಗಿದ್ದ ಎಂ. ಎಚ್. ಕೃಷ್ಣ ಅವರು ಬೆಳಕಿಗೆ ತಂದರು. ಅದರ ಕಾಲವನ್ನು ಸುಮಾರು ಕ್ರಿ.ಶ. 450 ಎಂದು ಗುರುತಿಸಲಾಗಿದೆ. ಮೂಲ ಕಲ್ಲು ಊರಿನಲ್ಲಿಲ್ಲ. ಊರಿನ ಮಂಟಪದಲ್ಲಿರುವುದು ಪ್ರತಿಕೃತಿ. ಚಿತ್ರೀಕರಣಕ್ಕೆ ಹೋದ ತಂಡ ಬೆಳಗಿನ ಓರೆ ಬಿಸಿಲಿನಲ್ಲಿ ಪ್ರತಿಕೃತಿಯನ್ನು ಸೊಗಸಾಗಿ ತೆಗೆದು ತರುತ್ತದೆ, ನಿರೂಪಣೆಯಲ್ಲಿ "ಹದಿನೈದು ಶತಮಾನಗಳ ಹಿಂದೆ ಈ ಕಲ್ಲಿನ ಮೇಲೆ" ಎಂಬ ವಾಕ್ಯವಿರುತ್ತದೆ. ಆ ಶಾಟ್‌ಗೂ ಆ ವಾಕ್ಯಕ್ಕೂ ಹೊಂದುವುದಿಲ್ಲ. ಪ್ರತಿಕೃತಿಯನ್ನು ತೋರಿಸುವುದರಲ್ಲಿ ದೋಷವಿಲ್ಲ. ಹಳ್ಳಿಯಲ್ಲಿ ಆ ಊರಿನ ಹೆಸರನ್ನು ಹೊತ್ತ ಶಾಸನಕ್ಕೆ ಮಂಟಪ ಕಟ್ಟಿ ಅದರ ಪ್ರತಿರೂಪವನ್ನು ಇಟ್ಟಿರುವುದು ಕೂಡ ಇತಿಹಾಸದ ಒಂದು ಭಾಗವೇ. ಅದನ್ನು ಹಾಗೆಂದು ಹೇಳಿ ತೋರಿಸಬೇಕು, "ಈ ಕಲ್ಲು" ಎನ್ನುವಾಗ ಮೂಲ ಕಲ್ಲಿನ ಫೋಟೊ ಬರಬೇಕು. ಕಾಲಂ ತುಂಬಿದ್ದರೆ ಇದು ಎರಡು ನಿಮಿಷದ ತಿದ್ದುಪಡಿ.

ಕ್ಯಾಮೆರಾ ಹುಟ್ಟುವ ಮೊದಲಿನ ಕಾಲದ ಬಗ್ಗೆ ಚಿತ್ರ ಮಾಡುವವರಿಗೆ ಇರುವ ದೊಡ್ಡ ಆಮಿಷವೆಂದರೆ ನಟರಿಂದ ಮಾಡಿಸಿದ ಮರುಸೃಷ್ಟಿ. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ದಕ್ಷಿಣಕ್ಕೆ ಒಂದು ಗರುಡಸ್ತಂಭವಿದೆ. ಇಮ್ಮಡಿ ಬಲ್ಲಾಳನ ಆಪ್ತನಾಗಿದ್ದ ಕುವರ ಲಕ್ಷ್ಮ, ಅವನ ಹೆಂಡತಿ ಮತ್ತು ಸಂಗಡಿಗರು ರಾಜನ ಸಾವಿನ ನಂತರ ತಾವೂ ಪ್ರಾಣಕೊಟ್ಟ ಸಂಗತಿಗೆ ಆ ಕಂಬ ಗುರುತು. ಕತ್ತಿ ಹಿಡಿದು ತಮ್ಮ ತಲೆಯನ್ನು ತಾವೇ ಕತ್ತರಿಸಿಕೊಳ್ಳುತ್ತಿರುವ ವೀರರನ್ನು ಕಂಬದ ಮೈಮೇಲೆ ಕೆತ್ತಿದ್ದಾರೆ. ಪ್ರವಾಸಿಗರಲ್ಲಿ ಬಹಳ ಮಂದಿ ಅದರ ಪಕ್ಕದಲ್ಲೇ ಹಾದು ಹೋಗುತ್ತಾರೆ. ನಾನು ಸಂಕಲಿಸಿದ ಒಂದು ಚಿತ್ರದಲ್ಲಿ ಈ ಪ್ರಸಂಗಕ್ಕೆ ನಟರು, ಪಂಜುಗಳು, ಕೆಂಪು ಬೆಳಕು ಎಲ್ಲ ಸಿದ್ಧವಾಗಿತ್ತು. ರಂಗಭೂಮಿಯ ಅನುಭವವಿದ್ದ ನಟರು, ಅಭಿನಯದಲ್ಲಿ ಕೊರತೆಯಿರಲಿಲ್ಲ. ಆದರೆ ಅವರು ಧರಿಸಿದ ಬಟ್ಟೆ, ಕಿರೀಟ, ನಿಂತ ಭಂಗಿ ಎಲ್ಲವೂ ನಮ್ಮ ಪೌರಾಣಿಕ ಸಿನಿಮಾಗಳಿಂದ ಬಂದದ್ದಾಗಿತ್ತು. ಹನ್ನೆರಡು ಹದಿಮೂರನೆಯ ಶತಮಾನದ ಜನ ಏನು ತೊಟ್ಟಿದ್ದರು, ಕತ್ತಿಯನ್ನು ಹೇಗೆ ಹಿಡಿಯುತ್ತಿದ್ದರು ಎಂಬುದಕ್ಕೆ ಸಾಕ್ಷಿ ಆ ಕಂಬದಲ್ಲೇ ಕೆತ್ತಿಟ್ಟಿದೆ.

ನಾನು ಎರಡು ಆವೃತ್ತಿಗಳನ್ನು ಮಾಡಿ ನಿರ್ದೇಶಕರ ಮುಂದಿಟ್ಟೆ. ಒಂದರಲ್ಲಿ ನಟರಿದ್ದರು. ಇನ್ನೊಂದರಲ್ಲಿ ಕಂಬ ಮಾತ್ರ: ಮೊದಲು ದೂರದಿಂದ, ಪ್ರವಾಸಿಗರು ಅದನ್ನು ದಾಟಿ ಹೋಗುತ್ತಿರುವಂತೆ, ಆಮೇಲೆ ಒಂದೊಂದೇ ಆಕೃತಿ ಹತ್ತಿರದಿಂದ, ಸಂಗೀತವಿಲ್ಲದೆ, ಶಾಸನದ ಸಾರವನ್ನು ಓದುವ ಧ್ವನಿಯ ಜೊತೆಗೆ. ಎರಡನೆಯದು ಮೊದಲಿನದಕ್ಕಿಂತ ಉದ್ದವಾಗಿತ್ತು, ಆದರೂ ನೋಡುವಾಗ ಚಿಕ್ಕದಾಗಿ ತೋರಿತು. ನಿರ್ದೇಶಕರು ಒಂದು ದಿನ ಯೋಚಿಸಿ ಎರಡನೆಯದನ್ನೇ ಆರಿಸಿಕೊಂಡರು. ಎಲ್ಲ ಮರುಸೃಷ್ಟಿಯೂ ಕೆಟ್ಟದ್ದು ಎಂಬ ವಾದ ನನ್ನದಲ್ಲ. ಉಳಿ ಹಿಡಿದ ಕೈ, ಕಲ್ಲು ಸಾಗಿಸುವ ವಿಧಾನ, ತಾಳೆಗರಿಯ ಮೇಲೆ ಕಬ್ಬಿಣದ ಕಂಟದಿಂದ ಬರೆಯುವ ಕ್ರಮ ಇಂಥವನ್ನು ಬಲ್ಲವರಿಂದ ಮಾಡಿಸಿ ತೋರಿಸಿದರೆ ತಿಳಿವಳಿಕೆ ಹೆಚ್ಚುತ್ತದೆ. ಮುಖ ತೋರಿಸಿ "ಇವನೇ ವಿಷ್ಣುವರ್ಧನ" ಎಂದಾಗ ಮಾತ್ರ ನಾವು ಗೊತ್ತಿಲ್ಲದ್ದನ್ನು ಗೊತ್ತಿರುವಂತೆ ಹೇಳುತ್ತಿರುತ್ತೇವೆ, ಮತ್ತು ಮಕ್ಕಳ ಮನಸ್ಸಿನಲ್ಲಿ ಆ ನಟನ ಮುಖವೇ ಉಳಿಯುತ್ತದೆ.

ಕ್ಯಾಮೆರಾ ಬಂದ ಮೇಲಿನ ಕಾಲ ಸುಲಭವೆಂದು ಹೊರಗಿನವರು ಭಾವಿಸುತ್ತಾರೆ. ನನ್ನ ಅನುಭವದಲ್ಲಿ ಅದೇ ಹೆಚ್ಚು ಕಷ್ಟ, ಏಕೆಂದರೆ ಅಲ್ಲಿ ಸಿಗುವ ಚಿತ್ರ ನಿಜವಾದದ್ದು, ಆದರೆ ಬೇರೆ ಯಾವುದೋ ಊರಿನ ನಿಜ. 1947ರ ಆಗಸ್ಟ್ ಹದಿನೈದರ ಬಳಿಕವೂ ಮೈಸೂರು ಸಂಸ್ಥಾನದಲ್ಲಿ ಜವಾಬ್ದಾರಿ ಸರ್ಕಾರಕ್ಕಾಗಿ ಹೋರಾಟ ನಡೆಯಬೇಕಾಯಿತು. ಸೆಪ್ಟೆಂಬರ್‌ನಲ್ಲಿ ಮೈಸೂರು ಚಲೋ ಆರಂಭವಾಗಿ ಅಕ್ಟೋಬರ್ ಕೊನೆಯ ವಾರದಲ್ಲಿ ಕೆ. ಸಿ. ರೆಡ್ಡಿ ಅವರ ನೇತೃತ್ವದ ಮಂತ್ರಿಮಂಡಲ ಬಂತು. ಆ ದಿನಗಳ ಕುರಿತ ಒಂದು ಚಿತ್ರಕ್ಕಾಗಿ ಹಾಸನದ ಮೆರವಣಿಗೆಗಳ ಚಲಿಸುವ ಚಿತ್ರಗಳನ್ನು ನಾವು ಹುಡುಕಿದೆವು, ಸಿಗಲಿಲ್ಲ. ಸಿಗದಿರುವುದಕ್ಕೆ ಕಾರಣವೂ ಇದೆ. ಯುದ್ಧಕಾಲದಲ್ಲಿ ಬ್ರಿಟಿಷ್ ಸರ್ಕಾರ ನಡೆಸುತ್ತಿದ್ದ ಇನ್‌ಫರ್ಮೇಷನ್ ಫಿಲ್ಮ್ಸ್ ಆಫ್ ಇಂಡಿಯಾ 1946ರಲ್ಲಿ ಮುಚ್ಚಿತ್ತು, ಸ್ವತಂತ್ರ ಭಾರತದ ಫಿಲ್ಮ್ಸ್ ಡಿವಿಷನ್ ಶುರುವಾದದ್ದು 1948ರಲ್ಲಿ. ದೇಶದ ಅತಿ ಮುಖ್ಯವಾದ ವರ್ಷ ಈ ಎರಡರ ನಡುವಿನ ಖಾಲಿ ಜಾಗದಲ್ಲಿ ಬಿದ್ದಿದೆ. ದೆಹಲಿಯ ಚಿತ್ರಗಳೇ ಎಣಿಕೆಯಷ್ಟಿರುವಾಗ ಹಾಸನದ ಪೇಟೆಗೆ ಕ್ಯಾಮೆರಾ ಬರುವುದೆಲ್ಲಿಂದ?

ಇಂಥಲ್ಲಿ ರೂಢಿಯ ಪರಿಹಾರವೆಂದರೆ ಮುಂಬೈಯದೋ ಕಲ್ಕತ್ತೆಯದೋ ಜನಸಮೂಹದ ಶಾಟ್ ತಂದು ಹಾಕುವುದು. ಬಿಳಿ ಟೋಪಿ, ಬಾವುಟ, ಲಾಠಿ; ನೋಡುಗರಿಗೆ ವ್ಯತ್ಯಾಸ ತಿಳಿಯುವುದಿಲ್ಲ. ಆದರೆ ಹಾಸನದ ಹಿರಿಯರೊಬ್ಬರು ಆ ದೃಶ್ಯದಲ್ಲಿ ತಮ್ಮ ತಂದೆಯನ್ನು ಹುಡುಕುತ್ತಾ ಕೂರಬಹುದು ಎಂಬುದನ್ನು ನೆನೆದರೆ ನನಗೆ ಕೈ ಓಡುವುದಿಲ್ಲ. ನಾವು ಆ ಭಾಗಕ್ಕೆ ಅಂದಿನ ಪತ್ರಿಕೆಗಳ ಪುಟಗಳನ್ನು, ಈಗಿನ ಬೀದಿಗಳ ಖಾಲಿ ಶಾಟ್‌ಗಳನ್ನು, ಒಬ್ಬ ಹಿರಿಯರ ಧ್ವನಿಯನ್ನು ಬಳಸಿದೆವು. ವಾಹಿನಿಯೊಂದರವರು ಅದನ್ನು ನೋಡಿ "ಇಲ್ಲಿ ಸ್ವಲ್ಪ ಡಲ್ ಆಗುತ್ತೆ ಸಾರ್" ಎಂದರು. ಅವರ ಮಾತು ಸುಳ್ಳಲ್ಲ, ಅಲ್ಲಿ ಚಿತ್ರದ ವೇಗ ಕುಗ್ಗುತ್ತದೆ. ಪುರಾವೆ ಇಲ್ಲದ ಜಾಗದಲ್ಲಿ ವೇಗ ಕುಗ್ಗುವುದೇ ಸರಿ ಎಂದು ನಾನು ಅಂದುಕೊಂಡಿದ್ದೇನೆ.

ಹಳೆಯ ಫುಟೇಜ್ ಸರಿಯಾದದ್ದೇ ಸಿಕ್ಕಿದರೂ ಅದನ್ನು ಹಾಗೆಯೇ ಬಳಸಲು ಬರುವುದಿಲ್ಲ. ಮೂಕಿ ಕಾಲದ ಕ್ಯಾಮೆರಾಗಳು ಕೈಯಿಂದ ತಿರುಗುತ್ತಿದ್ದವು. ಸೆಕೆಂಡಿಗೆ ಹದಿನಾರರಿಂದ ಇಪ್ಪತ್ತರಷ್ಟು ಫ್ರೇಮ್‌ಗಳು ದಾಖಲಾಗುತ್ತಿದ್ದವು. ಆ ಬಳಿಕ ಸಿನಿಮಾದ ವೇಗ ಇಪ್ಪತ್ನಾಲ್ಕಕ್ಕೆ ನಿಂತಿತು, ನಮ್ಮ ದೇಶದ ಟಿವಿಯದು ಇಪ್ಪತ್ತೈದಕ್ಕೆ. ಹದಿನಾರರಲ್ಲಿ ತೆಗೆದ ಒಂದು ನಿಮಿಷದ ನಡಿಗೆಯಲ್ಲಿ 960 ಫ್ರೇಮ್‌ಗಳಿರುತ್ತವೆ. ಇಪ್ಪತ್ನಾಲ್ಕರಲ್ಲಿ ಓಡಿಸಿದರೆ ಅದು ನಲವತ್ತೇ ಸೆಕೆಂಡಿನಲ್ಲಿ ಮುಗಿಯುತ್ತದೆ. ಹಳೆಯ ಕಾಲದ ರಾಜರೂ ಸೈನಿಕರೂ ಕೀಲು ಕೊಟ್ಟ ಗೊಂಬೆಗಳಂತೆ ಓಡಾಡುವುದು ಈ ಕಾರಣಕ್ಕೆ, ಮತ್ತು ಅದನ್ನು ನೋಡಿ ಜನ ನಗುತ್ತಾರೆ. ಪ್ರತಿ ಎರಡನೆಯ ಫ್ರೇಮನ್ನು ಎರಡು ಸಲ ತೋರಿಸಿದರೆ ವೇಗ ಸರಿಹೋಗುತ್ತದೆ, ಚಲನೆ ಸ್ವಲ್ಪ ತಡವರಿಸುತ್ತದೆ. ಈಗಿನ ತಂತ್ರಾಂಶಗಳು ಎರಡು ಫ್ರೇಮ್‌ಗಳ ನಡುವೆ ಹೊಸದೊಂದನ್ನು ಲೆಕ್ಕಹಾಕಿ ಸೃಷ್ಟಿಸಿ ಚಲನೆಯನ್ನು ನುಣುಪಾಗಿಸುತ್ತವೆ. ನಾನು ತಡವರಿಕೆಯನ್ನೇ ಆಯ್ದುಕೊಳ್ಳುತ್ತೇನೆ. ಕ್ಯಾಮೆರಾ ಕಾಣದ ಕ್ಷಣವನ್ನು ಯಂತ್ರ ಊಹಿಸಿ ತುಂಬುವುದು ನನಗೆ ಒಗ್ಗದು.

ಚೌಕಟ್ಟಿನ ಅಳತೆಯದೂ ಇದೇ ಕಥೆ. ಹಳೆಯ ಚಿತ್ರಗಳು 4:3ರ ಅನುಪಾತದವು, ಇಂದಿನ ಪರದೆ 16:9. ಇಡೀ ಪರದೆಯನ್ನು ತುಂಬಿಸಬೇಕೆಂದು ಹಿಗ್ಗಿಸಿದರೆ ಮೇಲಿನ ಮತ್ತು ಕೆಳಗಿನ ಭಾಗ ಸೇರಿ ಚಿತ್ರದ ಕಾಲು ಭಾಗ ಕಳೆದುಹೋಗುತ್ತದೆ. ಮೆರವಣಿಗೆಯಲ್ಲಿ ಜನರ ಬರಿಗಾಲುಗಳೋ ಬಾವುಟದ ಮೇಲ್ತುದಿಯೋ ಕಾಣೆಯಾಗುತ್ತವೆ. ಎಡಬಲದಲ್ಲಿ ಕಪ್ಪು ಪಟ್ಟಿ ಬಿಡುವುದೇ ಲೇಸು. ಧ್ವನಿಯ ವಿಷಯ ಇನ್ನೂ ಸೂಕ್ಷ್ಮವಾದದ್ದು: ಬಹುಪಾಲು ಹಳೆಯ ಫುಟೇಜ್ ಮೂಕವಾಗಿರುತ್ತದೆ, ಅದಕ್ಕೆ ನಾವು ಗೊರಸಿನ ಸದ್ದು, ಜೈಕಾರ, ಗುಂಡಿನ ಸದ್ದು ಸೇರಿಸುತ್ತೇವೆ, ಅದು ಮೂಲದ್ದಲ್ಲವೆಂಬ ಸಂದೇಹ ಯಾರಿಗೂ ಬರುವುದಿಲ್ಲ. ಗಾಳಿ, ಹೆಜ್ಜೆ, ಚಕ್ರ ಇಷ್ಟಕ್ಕೆ ನನ್ನ ಆಕ್ಷೇಪವಿಲ್ಲ. ಮಾತು ಮತ್ತು ಘೋಷಣೆಯನ್ನು ಮಾತ್ರ ನಾನು ಸೇರಿಸುವುದಿಲ್ಲ.

ಸಂದರ್ಶನಗಳ ಸಂಕಲನದಲ್ಲಿ ಕತ್ತರಿಯ ಬಲ ಎಷ್ಟೆಂಬುದು ಕೈಗೆ ತಿಳಿಯುತ್ತದೆ. ನಮ್ಮ ಕಡೆಯ ಹಿರಿಯರು ಒಂದು ಸಂಗತಿಯನ್ನು ಉದ್ದಕ್ಕೆ ಹೇಳಿ, ಕೊನೆಯಲ್ಲಿ "ಹಂಗಂತ ನಮ್ಮಜ್ಜ ಹೇಳೋರು" ಎಂದು ಮುಗಿಸುತ್ತಾರೆ. ಆ ಕೊನೆಯ ಮೂರು ಪದಗಳು ಕ್ಯಾಮೆರಾಗೆ ಅಡ್ಡಿ. ದನಿ ಅಲ್ಲಿ ಇಳಿದಿರುತ್ತದೆ, ಮುಖ ಬೇರೆಡೆ ತಿರುಗಿರುತ್ತದೆ. ಅಲ್ಲಿಗೆ ಮೊದಲೇ ಕತ್ತರಿಸಿದರೆ ಶಾಟ್ ಗಟ್ಟಿಯಾಗುತ್ತದೆ, ಆದರೆ ಕೇಳಿದ ಮಾತು ಕಂಡ ಮಾತಾಗಿ ಬದಲಾಗುತ್ತದೆ. ಹಾಗೆಯೇ ಎರಡು ಬೇರೆ ಬೇರೆ ವಾಕ್ಯಗಳ ತುಂಡುಗಳನ್ನು ಜೋಡಿಸಿ, ಜೋಡಣೆಯ ಜಾಗದಲ್ಲಿ ಕೈಗಳ ಶಾಟನ್ನೋ ತೋಟದ ಶಾಟನ್ನೋ ಹೊದಿಸಿದರೆ, ಅವರು ಎಂದೂ ಆಡದ ವಾಕ್ಯವೊಂದನ್ನು ಅವರ ಬಾಯಿಂದಲೇ ಆಡಿಸಬಹುದು. ಇದು ತಾಂತ್ರಿಕವಾಗಿ ಐದು ನಿಮಿಷದ ಕೆಲಸ. ಈ ವೃತ್ತಿಗೆ ಬರುವವರು ಇದನ್ನು ಮಾಡಲು ಕಲಿಯಲೇಬೇಕು, ಏಕೆಂದರೆ ಕೆಮ್ಮು, ತಡವರಿಕೆ, ಪುನರುಕ್ತಿ ತೆಗೆಯಲು ಇದೇ ವಿಧಾನ ಬೇಕು. ಎಲ್ಲಿ ನಿಲ್ಲಬೇಕೆಂಬುದನ್ನು ಮಾತ್ರ ಯಂತ್ರ ಹೇಳಿಕೊಡುವುದಿಲ್ಲ.

ಸಂಕಲನದ ಈ ಬಲವನ್ನು ಲೋಕಕ್ಕೆ ಮೊದಲು ತೋರಿಸಿಕೊಟ್ಟವರಲ್ಲಿ ಒಬ್ಬರು ಸೋವಿಯತ್ ಒಕ್ಕೂಟದ ಎಸ್ಫಿರ್ ಶುಬ್. ಹೊರದೇಶದ ಚಿತ್ರಗಳನ್ನು ಮರುಸಂಕಲಿಸುವ ನೌಕರಿಯಲ್ಲಿದ್ದ ಆಕೆ 1927ರಲ್ಲಿ ರೊಮಾನೊವ್ ರಾಜಮನೆತನದ ಪತನವನ್ನು ಕುರಿತ ಚಿತ್ರವನ್ನು ಹಳೆಯ ಫುಟೇಜ್‌ನಿಂದಲೇ ಕಟ್ಟಿದರು. ಅದರಲ್ಲಿ ಚಕ್ರವರ್ತಿಯ ಆಸ್ಥಾನದ ಛಾಯಾಗ್ರಾಹಕರು ರಾಜಕುಟುಂಬಕ್ಕಾಗಿಯೇ ತೆಗೆದ ಚಿತ್ರಗಳೂ ಇದ್ದವು. ವೈಭವವನ್ನು ತೋರಿಸಲು ತೆಗೆದ ಶಾಟ್, ಪಕ್ಕದಲ್ಲಿ ದುಡಿಯುವವರ ಶಾಟ್ ಬಂದೊಡನೆ ಆ ವೈಭವದ ಮೇಲಿನ ಆರೋಪವಾಯಿತು. ಒಂದು ಫ್ರೇಮನ್ನೂ ಆಕೆ ಹೊಸದಾಗಿ ಸುಳ್ಳು ಮಾಡಬೇಕಾಗಲಿಲ್ಲ.

ನಮ್ಮ ಮಲೆನಾಡಿನಲ್ಲಿ ನನಗೆ ಇದರ ಅನುಭವವಾದದ್ದು ಕಾಫಿ ಎಸ್ಟೇಟುಗಳ ಮನೆಚಿತ್ರಗಳಲ್ಲಿ. ಸಕಲೇಶಪುರ, ಮೂಡಿಗೆರೆ ಕಡೆಯ ಕೆಲವು ಪ್ಲಾಂಟರ್ ಕುಟುಂಬಗಳಲ್ಲಿ ಸೂಪರ್ 8 ಕ್ಯಾಮೆರಾ ಇತ್ತು. 1965ರಲ್ಲಿ ಬಂದ ಈ ಫಿಲ್ಮಿನ ಒಂದು ಕಾರ್ಟ್ರಿಡ್ಜ್‌ನಲ್ಲಿ ಐವತ್ತು ಅಡಿ ಇರುತ್ತದೆ, ಸೆಕೆಂಡಿಗೆ ಹದಿನೆಂಟು ಫ್ರೇಮ್‌ಗಳಂತೆ ಮೂರು ನಿಮಿಷ ಇಪ್ಪತ್ತು ಸೆಕೆಂಡು ಓಡುತ್ತದೆ. ದುಬಾರಿ ವಸ್ತುವಾದ್ದರಿಂದ ಮದುವೆ, ಹೊಸ ಕಾರು, ಮಗುವಿನ ಹುಟ್ಟುಹಬ್ಬ, ಸಾಕಿದ ನಾಯಿ ಇವಿಷ್ಟಕ್ಕೇ ಅದನ್ನು ಬಳಸುತ್ತಿದ್ದರು. ಒಂದು ಮನೆಯವರು ಪ್ರೀತಿಯಿಂದ ಕೊಟ್ಟ ರೀಲುಗಳನ್ನು ಸ್ಕ್ಯಾನ್ ಮಾಡಿಸಿ ನೋಡುವಾಗ ನನ್ನ ಕಣ್ಣು ಚೌಕಟ್ಟಿನ ಅಂಚಿಗೆ ಹೋಯಿತು. ಕಾರಿನ ಹಿಂದೆ ಕಣದಲ್ಲಿ ಕಾಫಿ ಹರಡುತ್ತಿರುವ ಹೆಂಗಸರು, ಕೆಲಸಗಾರರ ಲೈನ್ ಮನೆಗಳ ಕಡೆಗೆ ನೀರು ಹೊತ್ತು ಹೋಗುವ ಹುಡುಗಿ, ಕೈಯಲ್ಲಿ ಪುಸ್ತಕ ಹಿಡಿದು ನಿಂತ, ತೋಟದ ಲೆಕ್ಕ ಬರೆಯುವ ರೈಟರು. ಅವರಲ್ಲಿ ಒಬ್ಬರನ್ನೂ ಯಾರೂ ಉದ್ದೇಶಪಟ್ಟು ಚಿತ್ರೀಕರಿಸಿರಲಿಲ್ಲ. ತೋಟದ ದುಡಿಮೆಯ ಚಿತ್ರಗಳಿಗಾಗಿ ಊರೂರು ಅಲೆಯುತ್ತಿದ್ದ ನಮಗೆ ಅವು ಹುಟ್ಟುಹಬ್ಬದ ರೀಲಿನಲ್ಲಿ ಸಿಕ್ಕವು. ಅಂಚಿನ ಆ ಭಾಗವನ್ನು ಹಿಗ್ಗಿಸಿ ಬಳಸುವ ಮೊದಲು ಆ ಮನೆಯವರನ್ನು ಕೂರಿಸಿ ತೋರಿಸಿದೆವು. ಮನೆಯ ಹಿರಿಯ ಹೆಂಗಸೊಬ್ಬರು ನೀರು ಹೊತ್ತ ಹುಡುಗಿಯ ಹೆಸರನ್ನು ಹೇಳಿದರು, ಅವಳ ಮಗ ಈಗ ಎಲ್ಲಿದ್ದಾನೆಂಬುದನ್ನೂ ಹೇಳಿದರು. ಚಿತ್ರಕ್ಕೆ ಬೇಕಿದ್ದ ಸಂದರ್ಶನ ಹಾಗೆ ದೊರೆಯಿತು.

ಶ್ರವಣಬೆಳಗೊಳದ್ದು ಬೇರೆ ಬಗೆಯ ಪಾಠ. ಗೊಮ್ಮಟನ ಮೂರ್ತಿ ಬದಲಾಗುವುದಿಲ್ಲ, ಅದನ್ನು ದಾಖಲಿಸಿದ ಮಾಧ್ಯಮ ಬದಲಾಗುತ್ತಾ ಬಂದಿದೆ. 1981, 1993, 2006, 2018ರ ಮಹಾಮಸ್ತಕಾಭಿಷೇಕಗಳ ಫುಟೇಜನ್ನು ಒಂದೇ ಟೈಮ್‌ಲೈನ್ ಮೇಲೆ ತಂದರೆ ಫಿಲ್ಮ್, ಅನಲಾಗ್ ಟೇಪ್, ಡಿಜಿಟಲ್ ಟೇಪ್, ಫೈಲ್ ಎಂದು ತಂತ್ರಜ್ಞಾನದ ಇತಿಹಾಸವೇ ತೆರೆದುಕೊಳ್ಳುತ್ತದೆ. ಅದೇ ಹಾಲು, ಅದೇ ಅರಿಶಿನ ಒಂದೊಂದರಲ್ಲಿ ಒಂದೊಂದು ಬಣ್ಣ. ಎಲ್ಲವನ್ನೂ ಒಂದೇ ಬಣ್ಣಕ್ಕೆ ತರಬೇಕೆಂದು ಬಣ್ಣ ಸರಿಪಡಿಸುವವರು ಹಟ ಹಿಡಿಯುತ್ತಾರೆ. ಹಾಗೆ ಮಾಡಿದರೆ ಇಸವಿ ಅಳಿಸಿಹೋಗುತ್ತದೆ.

ಈಗ ಹಣದ ಮಾತು. ಸಂಗ್ರಹಾಗಾರಗಳು ಫುಟೇಜನ್ನು ಸೆಕೆಂಡಿನ ಅಥವಾ ನಿಮಿಷದ ಲೆಕ್ಕದಲ್ಲಿ ಕೊಡುತ್ತವೆ. ಮೊದಲು ಗುರುತಿನ ಮುದ್ರೆಯಿರುವ ಮಸುಕಾದ ಪ್ರತಿ ಬರುತ್ತದೆ, ಅದನ್ನಿಟ್ಟುಕೊಂಡು ಸಂಕಲನ ಮಾಡಿ, ಚಿತ್ರ ಅಂತಿಮವಾದ ಮೇಲೆ ಬಳಸಿದಷ್ಟಕ್ಕೆ ಹಣ ಕಟ್ಟಿ ಒಳ್ಳೆಯ ಪ್ರತಿ ತರಿಸಬೇಕು. ಆದ್ದರಿಂದ ಕೊನೆಯ ವಾರಗಳಲ್ಲಿ ಸಂಕಲನಕಾರರು ಕಲೆಗಿಂತ ಹೆಚ್ಚಾಗಿ ಲೆಕ್ಕ ಮಾಡುತ್ತಿರುತ್ತಾರೆ: ಈ ಹನ್ನೊಂದು ಸೆಕೆಂಡಿನ ಶಾಟ್ ಏಳಕ್ಕೆ ಇಳಿದರೆ ಅರ್ಥ ಉಳಿಯುತ್ತದೆಯೇ? ನಮ್ಮ ಕಾನೂನಿನಲ್ಲಿ ಚಲನಚಿತ್ರದ ಹಕ್ಕುಸ್ವಾಮ್ಯ ಪ್ರಕಟವಾದ ನಂತರ ಅರವತ್ತು ವರ್ಷ ಇರುತ್ತದೆ. ಅದು ಮುಗಿದರೂ ಪ್ರತಿಯನ್ನು ಇಟ್ಟುಕೊಂಡವರು ಕೊಡುವ ಸೇವೆಗೆ ಶುಲ್ಕ ಇದ್ದೇ ಇರುತ್ತದೆ. ಪ್ರತಿ ಉಳಿದಿದ್ದರೆ ಅದೇ ಭಾಗ್ಯ. ಕನ್ನಡದ ಮೊದಲ ವಾಕ್ಚಿತ್ರವಾದ 1934ರ ಸತಿ ಸುಲೋಚನದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಗಾರ ಆರಂಭವಾದದ್ದೇ 1964ರಲ್ಲಿ.

ಸಂಕಲನಕಾರರ ಸಂಭಾವನೆ ಸಾಮಾನ್ಯವಾಗಿ ಇಡೀ ಚಿತ್ರಕ್ಕೆ ಇಷ್ಟೆಂದು ನಿಗದಿಯಾಗಿ ಕಂತುಗಳಲ್ಲಿ ಬರುತ್ತದೆ, ಕೊನೆಯ ಕಂತು ಚಿತ್ರ ಒಪ್ಪಿಗೆಯಾದ ಮೇಲೆ. ಒಪ್ಪಿಗೆಗೆ ತಿಂಗಳುಗಳು ಹಿಡಿಯಬಹುದು, ಅಷ್ಟರಲ್ಲಿ ಒಪ್ಪಿಗೆ ಕೊಡಬೇಕಾದ ಅಧಿಕಾರಿ ವರ್ಗವಾಗಿರಬಹುದು. ತಿಂಗಳುಗಳ ಲೆಕ್ಕದಲ್ಲಿ ಕರಾರು ಮಾಡಿಕೊಳ್ಳಿ ಎಂಬುದು ಹೊಸಬರಿಗೆ ನನ್ನ ಸಲಹೆ. ಐತಿಹಾಸಿಕ ಚಿತ್ರದಲ್ಲಿ ಹೊಸ ದಾಖಲೆಯೊಂದು ಸಿಕ್ಕಿ ಅರ್ಧ ಮುಗಿದ ಅಧ್ಯಾಯವನ್ನು ಬಿಚ್ಚಿ ಮತ್ತೆ ಕಟ್ಟಬೇಕಾಗುವುದು ಅಪರೂಪವಲ್ಲ. ಹಾಸನದಲ್ಲಿ ಕುಳಿತು ಈ ಕೆಲಸ ಮಾಡಬಹುದೇ ಎಂದು ಕೇಳುತ್ತಾರೆ. ಈಗ ಮಾಡಬಹುದು. 2017ರಲ್ಲಿ ಶ್ರವಣಬೆಳಗೊಳದ ಮೂಲಕ ಬೆಂಗಳೂರಿಗೆ ನೇರ ರೈಲು ಮಾರ್ಗ ತೆರೆದ ಮೇಲೆ ಹಾರ್ಡ್ ಡಿಸ್ಕ್ ಹಿಡಿದು ಬೆಳಗ್ಗೆ ಹೋಗಿ ರಾತ್ರಿ ಬರುವುದು ಕಷ್ಟವಿಲ್ಲ, ಮಸುಕಾದ ಪ್ರತಿಗಳು ಅಂತರ್ಜಾಲದಲ್ಲೇ ಬರುತ್ತವೆ. ಧ್ವನಿ ಮಿಶ್ರಣಕ್ಕೆ ಮಾತ್ರ ಬೆಂಗಳೂರಿಗೆ ಹೋಗಲೇಬೇಕು. ಇಲ್ಲಿರುವುದರ ಒಂದು ಲಾಭವನ್ನು ಹೇಳಬೇಕು: ಬೇಲೂರಿನದೋ ಹಳೇಬೀಡಿನದೋ ಒಂದು ಶಾಟ್ ಬಗ್ಗೆ ಅನುಮಾನ ಬಂದರೆ ಬಸ್ಸು ಹತ್ತಿ ಹೋಗಿ ಕಣ್ಣಾರೆ ನೋಡಿ ಬರಬಹುದು. 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರಗಳು ಯುನೆಸ್ಕೊ ಪಟ್ಟಿಗೆ ಸೇರಿದ ಮೇಲೆ ಹೊಯ್ಸಳರ ಕುರಿತ ಚಿತ್ರಗಳ ಬೇಡಿಕೆ ಏರಿದೆ, ಆತುರವೂ ಏರಿದೆ.

ಆ ಆತುರಕ್ಕೆ ಈಗ ಕೃತಕ ಬುದ್ಧಿಮತ್ತೆಯ ಚಿತ್ರಗಳು ಸಿಕ್ಕಿವೆ. "ದೋರಸಮುದ್ರ, 1311, ಮಲಿಕ್ ಕಾಫರನ ದಾಳಿ" ಎಂದು (ದೋರಸಮುದ್ರ ಎಂದರೆ ಇಂದಿನ ಹಳೇಬೀಡು) ಬರೆದರೆ ಕುದುರೆ, ಬೆಂಕಿ, ಧೂಳು ಎಲ್ಲವೂ ಚಲಿಸುತ್ತಾ ಬರುತ್ತವೆ. ಆ ಚಿತ್ರದ ಕೋಟೆಯ ಬಾಗಿಲು ರಾಜಸ್ಥಾನದ ಮಾದರಿಯದ್ದೋ ಯುರೋಪಿನದ್ದೋ ಆಗಿರುತ್ತದೆ. ನಾನು ಕೇಳುವುದು ಇಷ್ಟೇ: ಅಂಥ ಚಿತ್ರ ಬಳಸಿದರೆ ಅದು ಪರದೆಯ ಮೇಲಿರುವಷ್ಟು ಹೊತ್ತೂ ಹಾಗೆಂದು ಅದರ ಮೇಲೆಯೇ ಬರೆದಿರಬೇಕು. ಚಿತ್ರದ ಕೊನೆಯಲ್ಲಿ ಓಡುವ ಹೆಸರುಗಳ ನಡುವೆ ಒಂದು ಸಾಲು ಸಾಲದು, ಏಕೆಂದರೆ ಅಂಥ ತುಣುಕು ನಾಳೆ ಮೊಬೈಲಿನಲ್ಲಿ ಒಂಟಿಯಾಗಿ ಸುತ್ತುತ್ತದೆ, ನಾಡಿದ್ದು ಇನ್ನೊಬ್ಬರ ಸಾಕ್ಷ್ಯಚಿತ್ರಕ್ಕೆ ಹಳೆಯ ಚಿತ್ರವಾಗಿ ಬರುತ್ತದೆ. ಕಾಲಂ ತುಂಬುವ ನಮ್ಮ ಸಹಾಯಕರು ಈಗಾಗಲೇ ಏಳನೆಯದೊಂದನ್ನು ಸೇರಿಸಿಕೊಂಡಿದ್ದಾರೆ.

ಸದ್ಯ ನನ್ನ ಟೈಮ್‌ಲೈನ್ ಮೇಲೆ ಇರುವುದು ಗೊರೂರಿನ ಹೇಮಾವತಿ ಜಲಾಶಯದಿಂದ ಊರು ಬಿಟ್ಟವರ ಕುರಿತ ಚಿತ್ರ. ಶೆಟ್ಟಿಹಳ್ಳಿಯ ಚರ್ಚು ಮಳೆಗಾಲದಲ್ಲಿ ಅರ್ಧ ಮುಳುಗಿ ನಿಂತಿರುವ ನೋಟ ಎಲ್ಲರ ಬಳಿಯೂ ಇದೆ. ನಮ್ಮ ಬಳಿಯೂ ಬೇಕಾದಷ್ಟಿದೆ. ನಮಗಿಲ್ಲದಿರುವುದು 1979ರಲ್ಲಿ ಅಣೆಕಟ್ಟು ಪೂರ್ಣಗೊಳ್ಳುವ ಮೊದಲಿನ ಚಿತ್ರಗಳು: ಆ ಊರುಗಳ ಬೀದಿ, ಗದ್ದೆ, ಜಾತ್ರೆ, ಶಾಲೆಯ ಗುಂಪು ಫೋಟೊ, ಚರ್ಚಿನಲ್ಲಿ ಪೂಜೆ ನಡೆಯುತ್ತಿದ್ದ ದಿನಗಳು, ಸಾಮಾನು ಹೇರಿಕೊಂಡು ಹೊರಟ ಎತ್ತಿನ ಗಾಡಿ. ಅಂಥವು ನಿಮ್ಮ ಮನೆಯಲ್ಲಿ ಇದ್ದರೆ ದಯವಿಟ್ಟು ತಿಳಿಸಿ. ಫಿಲ್ಮ್ ರೀಲು ಇದ್ದರೆ ನೋಡುವ ಆಸೆಗೆ ಹಳೆಯ ಪ್ರೊಜೆಕ್ಟರಿಗೆ ಹಾಕಬೇಡಿ, ಒಣಗಿದ ಫಿಲ್ಮ್ ಪ್ರೊಜೆಕ್ಟರಿನ ಹಲ್ಲು ಕಚ್ಚುವ ಜಾಗದಲ್ಲಿ ಹರಿದುಹೋಗುತ್ತದೆ. ಡಬ್ಬಿ ತೆರೆದಾಗ ವಿನಿಗರಿನಂಥ ಹುಳಿ ವಾಸನೆ ಬಂದರೆ ಅದು ಕೆಡುತ್ತಿದೆ ಎಂದರ್ಥ. ಅದನ್ನು ಬೇರೆ ರೀಲುಗಳಿಂದ ದೂರವಿಡಿ, ಪ್ಲಾಸ್ಟಿಕ್ ಚೀಲದಲ್ಲಿ ಬಿಗಿದು ಕಟ್ಟಬೇಡಿ. ಮೂಲ ನಿಮ್ಮದೇ, ಸ್ಕ್ಯಾನ್ ಮಾಡಿಸಿ ಹಿಂತಿರುಗಿಸುತ್ತೇವೆ, ಒಂದು ಡಿಜಿಟಲ್ ಪ್ರತಿ ನಿಮಗೂ ಸಿಗುತ್ತದೆ. ಫೋಟೊ ಆಗಿದ್ದರೆ ಮುಂಬದಿಯ ಜೊತೆಗೆ ಹಿಂಬದಿಯನ್ನೂ ಮೊಬೈಲಿನಲ್ಲಿ ತೆಗೆದು ಕಳುಹಿಸಿ. ಅಲ್ಲಿ ಪೆನ್ಸಿಲ್ಲಿನಲ್ಲಿ ಬರೆದ ಹೆಸರು ಅರ್ಧ ಅಳಿಸಿದ್ದರೂ ಪರವಾಗಿಲ್ಲ.